ಹೆಸರಿಲ್ಲದ ನ್ಯಾನೋ, ಹೆಸರಿಗಷ್ಟೇ ನ್ಯಾನೋ

ಕೋವಿಡ್ ಕಾಲದಲ್ಲಿ ಮನೆಯಲ್ಲೇ ಪರೀಕ್ಷೆ ಮಾಡಿಕೊಳ್ಳುವ ಕಿಟ್‌ಗಳು ಮೆಡಿಕಲ್ ಶಾಪಿಗೆ ಬಂದದ್ದು ನೆನಪಿರಬಹುದು. ಬೆರಳುದ್ದದ ಬಿಳಿ ಪ್ಲಾಸ್ಟಿಕ್ ಪಟ್ಟಿ. ಮೂಗಿನೊಳಗೆ ಆಡಿಸಿದ ಕಡ್ಡಿಯನ್ನು ಪುಟ್ಟ ಟ್ಯೂಬಿನ ದ್ರವದಲ್ಲಿ ಅದ್ದಿ ಹಿಂಡಿ, ಎರಡು ಹನಿ ಬಿಟ್ಟು, ಹದಿನೈದು ನಿಮಿಷ ಉಸಿರು ಬಿಗಿಹಿಡಿದು ಕೂರಬೇಕಿತ್ತು. ಒಂದೇ ಗೆರೆ ಮೂಡಿದರೆ ನಿರಾಳ, ಎರಡು ಮೂಡಿದರೆ ಎದೆ ಝಲ್. ಗರ್ಭ ನಿಂತಿದೆಯೇ ಎಂದು ನೋಡುವ ಪಟ್ಟಿಯೂ ಇದೇ ಜಾತಿಯದು. ಇಂಥ ಬಹುಪಾಲು ಪಟ್ಟಿಗಳಲ್ಲಿ ಮೂಡುವ ಕೆಂಪು ಗೆರೆ ಯಾವುದೋ ಶಾಯಿಯದೆಂದೇ ನಾವೆಲ್ಲ ತಿಳಿದಿದ್ದೇವೆ. ಅದು ಚಿನ್ನ. ಅಪ್ಪಟ ಚಿನ್ನದ ಕಣಗಳು.

ಪಟ್ಟಿಯ ಒಂದು ತುದಿಯಲ್ಲಿ ಸುಮಾರು 40 ನ್ಯಾನೋಮೀಟರ್ ಗಾತ್ರದ ಚಿನ್ನದ ಕಣಗಳನ್ನು ಒಣಗಿಸಿ ಕೂರಿಸಿರುತ್ತಾರೆ. ಪ್ರತಿ ಕಣದ ಮೈಗೂ ಪ್ರತಿಕಾಯಗಳನ್ನು ಅಂಟಿಸಿರುತ್ತಾರೆ. ಹನಿ ಬಿದ್ದೊಡನೆ ಕಾಗದ ಅದನ್ನು ಹೀರುತ್ತಾ ಮುಂದಕ್ಕೆ ಒಯ್ಯುತ್ತದೆ, ಚಿನ್ನವೂ ಜತೆಗೆ ಕೊಚ್ಚಿಕೊಂಡು ಹೊರಡುತ್ತದೆ. ಹನಿಯಲ್ಲಿ ವೈರಸ್ಸಿನ ಪ್ರೋಟೀನ್ ಇದ್ದರೆ ಅದು ಚಿನ್ನದ ಕಣವನ್ನು ಕಚ್ಚಿಕೊಂಡು ಸಾಗಿ, ‘ಟಿ’ ಎಂದು ಬರೆದ ಜಾಗದಲ್ಲಿ ಮೊದಲೇ ಕೂರಿಸಿಟ್ಟ ಇನ್ನೊಂದು ಪ್ರತಿಕಾಯಕ್ಕೆ ಸಿಕ್ಕಿಬೀಳುತ್ತದೆ. ಕಣಗಳು ಅಲ್ಲೇ ಜಮಾಯಿಸಿದಂತೆ ಗೆರೆ ಕೆಂಪಾಗುತ್ತದೆ. ಸಿಕ್ಕಿಬೀಳದೆ ದಾಟಿಹೋದ ಕಣಗಳನ್ನು ‘ಸಿ’ ಗೆರೆ ಹಿಡಿದು ನಿಲ್ಲಿಸುತ್ತದೆ. ಪಟ್ಟಿ ಸರಿಯಾಗಿ ಕೆಲಸ ಮಾಡಿದೆ ಎಂಬುದಕ್ಕೆ ಆ ‘ಸಿ’ ಗೆರೆಯೇ ಸಾಕ್ಷಿ.

ಚಿನ್ನ ಹಳದಿ ತಾನೆ, ಇಲ್ಲೇಕೆ ಕೆಂಪು? ಕೊರಳಿನ ಸರದಲ್ಲಿರುವಾಗ ಅದು ಹಳದಿಯೇ. ಹತ್ತಾರು ನ್ಯಾನೋಮೀಟರಿಗೆ ಇಳಿದಾಗ ಕಣದ ಎಲೆಕ್ಟ್ರಾನುಗಳೆಲ್ಲ ಬೆಳಕಿನ ಜತೆಗೆ ಒಟ್ಟಾಗಿ ತುಯ್ದಾಡತೊಡಗುತ್ತವೆ. ಹಾಗೆ ತುಯ್ಯುವಾಗ ಹಸಿರು ಬೆಳಕನ್ನು ನುಂಗುತ್ತವೆ. ಉಳಿದು ಬರುವುದು ಕೆಂಪು. ಮೈಕೆಲ್ ಫ್ಯಾರಡೆ 1857ರಲ್ಲಿ ಲಂಡನ್ನಿನಲ್ಲಿ ಇಂಥದೇ ಮಾಣಿಕ್ಯಗೆಂಪಿನ ಚಿನ್ನದ ದ್ರಾವಣ ಮಾಡಿ, ಬಣ್ಣ ಬದಲಾಗಲು ಕಣದ ಗಾತ್ರವೇ ಕಾರಣವೆಂದು ಊಹಿಸಿದ್ದ. ‘ನ್ಯಾನೋ ತಂತ್ರಜ್ಞಾನ’ ಎಂಬ ಹೆಸರನ್ನು ಜಪಾನಿನ ನೊರಿಯೊ ತನಿಗುಚಿ ಕೊಟ್ಟದ್ದು ಅದಾಗಿ ನೂರು ವರ್ಷ ಕಳೆದ ಮೇಲೆ, 1974ರಲ್ಲಿ.

ಪರೀಕ್ಷೆಯ ಡಬ್ಬಿಯ ಮೇಲೆ ‘ನ್ಯಾನೋ’ ಎಂದು ದೊಡ್ಡದಾಗಿ ಬರೆದದ್ದನ್ನು ನಾನು ನೋಡಿಲ್ಲ. ಹಾಗೆ ಬರೆದಿರುವುದು ಬೇರೆ ಕಡೆ: ಕಾರಿಗೆ ಹಚ್ಚುವ ಪಾಲಿಶ್, ಕೂದಲಿನ ಎಣ್ಣೆ, ಕೊರಳಿಗೆ ಹಾಕುವ ಲಾಕೆಟ್, ಗೊಬ್ಬರದ ಬಾಟಲಿ. ಕೆಲಸ ಮಾಡುವ ನ್ಯಾನೋ ಹೆಸರಿಲ್ಲದೆ ನಮ್ಮ ಮನೆಯಲ್ಲಿದೆ. ಹೆಸರು ಹೊತ್ತು ಬಂದದ್ದರಲ್ಲಿ ಎಷ್ಟೋ ಬಾರಿ ಕೆಲಸ ಕಾಣುವುದಿಲ್ಲ. ಈ ತಲೆಕೆಳಗು ಸರಿಹೋಗಬೇಕು ಎಂಬುದಕ್ಕೇ ಈ ಬರಹ.

ಮೊದಲು ಗಾತ್ರದ ಮಾತು. ಒಂದು ಮಿಲಿಮೀಟರನ್ನು ಹತ್ತು ಲಕ್ಷ ಭಾಗ ಮಾಡಿದರೆ ಒಂದು ಭಾಗವೇ ನ್ಯಾನೋಮೀಟರ್. ನಮ್ಮ ತಲೆಗೂದಲಿನ ದಪ್ಪ ಸುಮಾರು 80,000ದಿಂದ 1,00,000 ನ್ಯಾನೋಮೀಟರ್. ಒಂದರಿಂದ ನೂರು ನ್ಯಾನೋಮೀಟರಿನ ಒಳಗಿನದನ್ನು ವಿಜ್ಞಾನಿಗಳು ‘ನ್ಯಾನೋ’ ಎಂದು ಕರೆಯುತ್ತಾರೆ. ಅಷ್ಟು ಸಣ್ಣದಾದಾಗ ಬಣ್ಣ ಬದಲಾಗುವುದನ್ನು ನೋಡಿದೆವು. ಇನ್ನೊಂದು ಸಂಗತಿ ಮೇಲ್ಮೈಯದು. ಒಂದು ಸೆಂಟಿಮೀಟರ್ ಉದ್ದ, ಅಗಲ, ಎತ್ತರದ ಬೆಳ್ಳಿಯ ತುಂಡು ಹತ್ತೂವರೆ ಗ್ರಾಂ ತೂಗುತ್ತದೆ. ಅದರ ಮೇಲ್ಮೈ ಆರು ಚದರ ಸೆಂಟಿಮೀಟರ್. ಅದನ್ನೇ ಹತ್ತು ನ್ಯಾನೋಮೀಟರಿನ ತುಣುಕುಗಳಾಗಿ ಕತ್ತರಿಸುತ್ತಾ ಹೋದರೆ ಒಟ್ಟು ಮೇಲ್ಮೈ 600 ಚದರ ಮೀಟರ್ ಮುಟ್ಟುವ ಹೊತ್ತಿಗೆ ಕೆಲಸ ಮುಗಿದಿರುತ್ತದೆ. ಬೆಂಗಳೂರಿನ ಐದು ಥರ್ಟಿ-ಫಾರ್ಟಿ ಸೈಟುಗಳಷ್ಟು ಜಾಗ. ಯಾವುದೇ ವಸ್ತು ಹೊರಗಿನದರ ಜತೆ ವ್ಯವಹರಿಸುವುದು ತನ್ನ ಮೇಲ್ಮೈಯಿಂದಲೇ ಆದ್ದರಿಂದ, ತೂಕ ಅಷ್ಟೇ ಇದ್ದರೂ ಅದರ ಚಟುವಟಿಕೆ ಎಷ್ಟೋ ಪಟ್ಟು ಹೆಚ್ಚುತ್ತದೆ.

ಬೇಸಿಗೆಯಲ್ಲಿ ಹೆಣ್ಣುಮಕ್ಕಳ ಬ್ಯಾಗಿನಲ್ಲಿ, ಈಗ ಗಂಡುಮಕ್ಕಳ ಬ್ಯಾಗಿನಲ್ಲೂ, ಒಂದು ಸನ್‌ಸ್ಕ್ರೀನ್ ಟ್ಯೂಬ್ ಇರುತ್ತದೆ. ಅದನ್ನು ಅರ್ಥ ಮಾಡಿಕೊಳ್ಳಲು ಕ್ರಿಕೆಟ್ ಮೈದಾನಕ್ಕೆ ಹೋಗಬೇಕು. ತೊಂಬತ್ತರ ದಶಕದಲ್ಲಿ ದಕ್ಷಿಣ ಆಫ್ರಿಕಾದ ಅಲನ್ ಡೊನಾಲ್ಡ್ ಮುಖಕ್ಕೆ ಸುಣ್ಣ ಬಳಿದುಕೊಂಡವರಂತೆ ಬೌಲಿಂಗಿಗೆ ಓಡಿ ಬರುತ್ತಿದ್ದುದನ್ನು ಟಿವಿಯಲ್ಲಿ ಕಂಡವರು ಮರೆತಿರಲಾರರು. ಆ್ಯಂಡ್ರ್ಯೂ ಸೈಮಂಡ್ಸ್ ತುಟಿಗೆ ಹಚ್ಚುತ್ತಿದ್ದುದೂ ಅದನ್ನೇ, ಸತುವಿನ ಆಕ್ಸೈಡಿನ ಮುಲಾಮು. ಬಿಸಿಲಿನ ಅತಿನೇರಳೆ ಕಿರಣಗಳನ್ನು ಅದು ಚರ್ಮಕ್ಕೆ ಮುಟ್ಟಲು ಬಿಡದು. ಆದರೆ ಅದರಲ್ಲಿನ ಕಣಗಳು ದೊಡ್ಡವು, ಕಣ್ಣಿಗೆ ಕಾಣುವ ಬೆಳಕನ್ನೂ ಚದುರಿಸುತ್ತಿದ್ದವು. ಎಲ್ಲ ಬಣ್ಣವೂ ಸಮನಾಗಿ ಚದುರಿದರೆ ನಮಗೆ ಕಾಣುವುದು ಬಿಳುಪು. ಗೋಡೆಗೆ ಬಳಿಯುವ ಬಿಳಿ ಪೇಂಟಿನ ಬಿಳುಪೂ ಹಾಗೆಯೇ ಬಂದದ್ದು. ಅದರಲ್ಲಿರುವುದು ಟೈಟಾನಿಯಂ ಡೈಆಕ್ಸೈಡ್, ಸುಮಾರು 200–300 ನ್ಯಾನೋಮೀಟರಿನ ಕಣಗಳು.

ಮದುವೆ ಮನೆಗೆ ಹೊರಟವರು ಡೊನಾಲ್ಡ್‌ನಂತೆ ಹೋಗಲಾದೀತೆ? ಕಂಪನಿಗಳು ಅದೇ ಸತು, ಅದೇ ಟೈಟಾನಿಯಂನ ಕಣಗಳನ್ನು ಹತ್ತರಿಂದ ಐವತ್ತು ನ್ಯಾನೋಮೀಟರಿನ ಆಸುಪಾಸಿಗೆ ಇಳಿಸಿದವು. ಕಣ್ಣಿಗೆ ಕಾಣುವ ಬೆಳಕಿನ ಅಲೆ 400ರಿಂದ 700 ನ್ಯಾನೋಮೀಟರ್ ಉದ್ದದ್ದು. ಅದರ ಮುಂದೆ ಈ ಕಣ ತೀರ ಸಣ್ಣದು. ಬೆಳಕು ಚದುರದೆ ದಾಟಿಹೋಗುತ್ತದೆ, ಹಚ್ಚಿದ್ದೇ ಕಾಣುವುದಿಲ್ಲ. ಅತಿನೇರಳೆಯನ್ನು ಹೀರಿಕೊಳ್ಳುವ ಗುಣ ಮಾತ್ರ ಆ ವಸ್ತುವಿನ ಹುಟ್ಟುಗುಣ. ಗಾತ್ರ ಇಳಿದರೂ ಅದು ಹೋಗಲಿಲ್ಲ. ಒಂದೇ ಬ್ರಾಂಡಿನ ಹಳೆಯ ಬಗೆಯ ಸತುವಿನ ಮುಲಾಮನ್ನೂ ಹೊಸ ಸನ್‌ಸ್ಕ್ರೀನನ್ನೂ ಮುಂಗೈಯ ಮೇಲೆ ಪಕ್ಕಪಕ್ಕದಲ್ಲಿ ತೀಡಿ ನೋಡಿ. ಒಂದು ಬಿಳಿ ಪಟ್ಟೆ ಉಳಿಸುತ್ತದೆ, ಇನ್ನೊಂದು ನಾಲ್ಕು ಬಾರಿ ತೀಡುವಷ್ಟರಲ್ಲಿ ಚರ್ಮದಲ್ಲಿ ಕಲೆತುಹೋದಂತೆ ತೋರುತ್ತದೆ. ನಮ್ಮಂಥ ಕಂದು, ಕಪ್ಪು ಮೈಬಣ್ಣದವರಿಗೆ ಈ ವ್ಯತ್ಯಾಸ ಬಿಳಿಯರಿಗಿಂತ ಹೆಚ್ಚು ಮುಖ್ಯ. ಹಚ್ಚಿದರೆ ಬೂದಿ ಬಳಿದಂತೆ ಕಾಣುತ್ತದೆಂದು ಎಷ್ಟೋ ಜನ ಅದರ ಸಹವಾಸವೇ ಬೇಡವೆಂದು ಬಿಟ್ಟಿದ್ದರು.

ಇಷ್ಟು ಸಣ್ಣ ಕಣ ಚರ್ಮ ತೂರಿ ರಕ್ತಕ್ಕೆ ಹೋಗದೆ? ಈ ಪ್ರಶ್ನೆ ನ್ಯಾಯವಾದದ್ದು, ಅದನ್ನು ಸಾಕಷ್ಟು ಪರೀಕ್ಷಿಸಿಯೂ ಇದ್ದಾರೆ. ಗಾಯವಿಲ್ಲದ ಚರ್ಮದಲ್ಲಿ ಈ ಕಣಗಳು ಮೇಲಿನ ಸತ್ತ ಜೀವಕೋಶಗಳ ಪದರದಲ್ಲೇ ನಿಲ್ಲುತ್ತವೆ ಎಂಬುದು ಆಸ್ಟ್ರೇಲಿಯಾದ ಔಷಧ ನಿಯಂತ್ರಣ ಸಂಸ್ಥೆ ಪ್ರಕಟಿತ ಸಂಶೋಧನೆಗಳನ್ನೆಲ್ಲ ಜಾಲಾಡಿ ಕಂಡುಕೊಂಡ ತೀರ್ಮಾನ. ಅಮೆರಿಕದ ಎಫ್‌ಡಿಎ 2019ರಲ್ಲಿ ಸನ್‌ಸ್ಕ್ರೀನ್ ನಿಯಮಗಳ ಕರಡು ತಂದಾಗ ಸುರಕ್ಷಿತ, ಪರಿಣಾಮಕಾರಿ ಎಂದು ಒಪ್ಪಲು ಮುಂದಾದದ್ದು ಎರಡನ್ನೇ: ಸತುವಿನ ಆಕ್ಸೈಡ್ ಮತ್ತು ಟೈಟಾನಿಯಂ ಡೈಆಕ್ಸೈಡ್. ಟೈಟಾನಿಯಂ ಕಣ ಬಿಸಿಲಿಗೆ ಕೆರಳಿ ಅಕ್ಕಪಕ್ಕದ ಅಣುಗಳನ್ನು ಕೆಡಿಸುವ ಸ್ವಭಾವದ್ದು. ಹಾಗಾಗಿ ಒಳ್ಳೆಯ ತಯಾರಕರು ಅದರ ಮೇಲೆ ಸಿಲಿಕಾ ಅಥವಾ ಅಲ್ಯುಮಿನಾದ ತೆಳು ಹೊದಿಕೆ ಹೊದಿಸುತ್ತಾರೆ. ಅಪಾಯವಿರುವುದು ಬೇರೆ ದಾರಿಯಲ್ಲಿ. ಇದೇ ಕಣವನ್ನು ಸ್ಪ್ರೇ ಮಾಡಿ ಗಾಳಿಗೆ ಬಿಟ್ಟರೆ ಉಸಿರಿನ ಜತೆ ಶ್ವಾಸಕೋಶದ ತಳದವರೆಗೂ ಹೋಗಬಲ್ಲದು. ಚರ್ಮಕ್ಕಿರುವ ಸತ್ತ ಪದರದ ಕವಚ ಶ್ವಾಸಕೋಶಕ್ಕಿಲ್ಲ. ಯುರೋಪಿನ ತಜ್ಞ ಸಮಿತಿ ಹಚ್ಚುವ ಕ್ರೀಮಿಗೆ ಒಪ್ಪಿಗೆ ಕೊಟ್ಟು ಉಸಿರಿನೊಳಗೆ ಹೋಗಬಹುದಾದ ಸ್ಪ್ರೇಗೆ ಬೇಡವೆಂದದ್ದು ಇದೇ ಕಾರಣಕ್ಕೆ. ಮಕ್ಕಳ ಮುಖಕ್ಕೆ ನೇರವಾಗಿ ಸನ್‌ಸ್ಕ್ರೀನ್ ಸ್ಪ್ರೇ ಹೊಡೆಯುವವರು ಅದನ್ನು ಇಂದೇ ನಿಲ್ಲಿಸಲಿ. ಕ್ರೀಮನ್ನು ಕೈಗೆ ಹಾಕಿಕೊಂಡು ಹಚ್ಚಿದರಾಯಿತು.

ಯುರೋಪಿನಲ್ಲಿ 2013ರ ಜುಲೈಯಿಂದ ಒಂದು ನಿಯಮವಿದೆ. ಸೌಂದರ್ಯ ಸಾಧನದಲ್ಲಿ ನ್ಯಾನೋ ರೂಪದ ಪದಾರ್ಥವಿದ್ದರೆ, ಪದಾರ್ಥಗಳ ಪಟ್ಟಿಯಲ್ಲಿ ಅದರ ಹೆಸರಿನ ಪಕ್ಕ ಕಂಸದೊಳಗೆ ‘ನ್ಯಾನೋ’ ಎಂದು ಅಚ್ಚು ಹಾಕಲೇಬೇಕು. ಸಣ್ಣ ಅಕ್ಷರದ ಒಂದೇ ಪದ. ಹೊಗಳಿಕೆಯೂ ಇಲ್ಲ, ಹೆದರಿಕೆಯೂ ಇಲ್ಲ, ಬರೀ ಮಾಹಿತಿ. ನಮ್ಮಲ್ಲಿ ಸೌಂದರ್ಯ ಸಾಧನಗಳಿಗೆಂದೇ 2020ರಲ್ಲಿ ಹೊಸ ನಿಯಮಾವಳಿ ಬಂತು. ಈ ಒಂದು ಪದಕ್ಕೆ ಅದರಲ್ಲಿ ಜಾಗ ಸಿಗಲಿಲ್ಲ.

ಇನ್ನು ಬೆಳ್ಳಿ. ಹಸುಗೂಸಿಗೆ ಬೆಳ್ಳಿಯ ಒಳಲೆಯಲ್ಲೇ ಹಾಲು ಹಾಕಬೇಕೆಂದು ಅಜ್ಜಿಯರು ಹಟ ಹಿಡಿಯುತ್ತಿದ್ದರು. ಬೆಳ್ಳಿ ಸೂಕ್ಷ್ಮಜೀವಿಗಳಿಗೆ ಆಗಿಬರದು ಎಂಬುದು ನಿಜ. ಒದ್ದೆಯಾದ ಬೆಳ್ಳಿಯ ಮೇಲ್ಮೈಯಿಂದ ವಿದ್ಯುದಂಶ ಹೊತ್ತ ಅಯಾನುಗಳು ಬಿಡುಗಡೆಯಾಗುತ್ತವೆ. ಬ್ಯಾಕ್ಟೀರಿಯಾದ ಪ್ರೋಟೀನುಗಳಲ್ಲಿರುವ ಗಂಧಕವನ್ನು ಅವು ಬಿಗಿಯಾಗಿ ಹಿಡಿದು ಅದರ ಉಸಿರಾಟವನ್ನೇ ಕೆಡಿಸುತ್ತವೆ. ಒಳಲೆಯಂಥ ದೊಡ್ಡ ಬೆಳ್ಳಿಯಿಂದ ಬರುವ ಅಯಾನುಗಳು ಬಲು ಕಡಿಮೆ. ನ್ಯಾನೋ ಕಣವಾದರೆ ಮೇಲ್ಮೈ ವಿಪರೀತ, ಅಯಾನುಗಳೂ ಧಾರಾಳ.

ಈ ಗುಣವನ್ನು ಸರಿಯಾದ ಜಾಗದಲ್ಲಿ ಬಳಸಿದ ಒಂದು ಉದಾಹರಣೆ ನಮ್ಮ ದೇಶದ್ದೇ. 2009ರ ಡಿಸೆಂಬರಿನಲ್ಲಿ ಟಾಟಾ ಸ್ವಚ್ಛ್ ಎಂಬ ನೀರಿನ ಫಿಲ್ಟರ್ ಬಂತು. ಅಕ್ಕಿಗಿರಣಿಯಲ್ಲಿ ಮಿಕ್ಕ ಭತ್ತದ ಹೊಟ್ಟನ್ನು ಸುಟ್ಟ ಬೂದಿಗೆ ಬೆಳ್ಳಿಯ ನ್ಯಾನೋ ಕಣಗಳನ್ನು ಅಂಟಿಸಿ ಅದರ ಮೂಲಕ ನೀರು ಹಾಯಿಸುವುದು. ಕರೆಂಟ್ ಬೇಡ, ನಲ್ಲಿಯ ಒತ್ತಡ ಬೇಡ. ಬೆಲೆ ಸಾವಿರ ರೂಪಾಯಿಯ ಒಳಗೆ. ಒಂದು ಕಾರ್ಟ್ರಿಜ್ 3,000 ಲೀಟರ್ ನೀರಿಗೆ ಸಾಕಾಗುತ್ತಿತ್ತು. ಅದಕ್ಕೂ ಎರಡು ವರ್ಷ ಮೊದಲು ಮದ್ರಾಸ್ ಐಐಟಿಯ ಟಿ. ಪ್ರದೀಪ್ ಅವರ ತಂಡ ಕಂಡುಕೊಂಡ ವಿಧಾನವನ್ನು ಯುರೇಕಾ ಫೋರ್ಬ್ಸ್ ಕಂಪನಿ ತನ್ನ ಫಿಲ್ಟರಿನಲ್ಲಿ ತಂದಿತ್ತು. ಬೆಳ್ಳಿ, ಚಿನ್ನದ ನ್ಯಾನೋ ಕಣಗಳ ಮೇಲೆ ಕುಳಿತ ಕೀಟನಾಶಕದ ಅಣು ಮುರಿದುಬೀಳುತ್ತದೆ ಎಂಬುದು ಅವರ ಶೋಧ. ಕರಾವಳಿಯಲ್ಲಿ ಎಂಡೋಸಲ್ಫಾನ್ ಎಂಬ ಹೆಸರು ಕೇಳಿದರೆ ಇಂದಿಗೂ ಮೈ ನಡುಗುವ ಜನರಿದ್ದಾರೆ. ಆ ವಿಷವೂ ಹೀಗೆ ಹಿಡಿಯಬಹುದಾದ ಪಟ್ಟಿಯಲ್ಲಿತ್ತು. ಮುಂದೆ ಇದೇ ತಂಡ ನೀರಿನಲ್ಲಿನ ಆರ್ಸೆನಿಕ್ ಹಿಡಿಯುವ ‘ಅಮೃತ್’ ಎಂಬ ವ್ಯವಸ್ಥೆಯನ್ನು ಕಟ್ಟಿತು. ಯಾದಗಿರಿ, ರಾಯಚೂರು ಜಿಲ್ಲೆಗಳ ಹಲವು ಊರುಗಳ ಕೊಳವೆಬಾವಿಯಲ್ಲಿ ಆರ್ಸೆನಿಕ್ ಇದೆ. ಸುರಪುರ ತಾಲ್ಲೂಕಿನ ಕಿರದಳ್ಳಿ ತಾಂಡಾದಲ್ಲಿ ಅದನ್ನು ಕುಡಿದವರ ಅಂಗೈ ಅಂಗಾಲು ಗಡುಸಾಗಿ ಹುಣ್ಣೆದ್ದ ಸುದ್ದಿ ರಾಜ್ಯವೆಲ್ಲ ಓದಿದೆ. ನ್ಯಾನೋ ತಂತ್ರಜ್ಞಾನ ಮೊದಲು ತಲುಪಬೇಕಾದ ಮನೆಗಳೆಂದರೆ ಅವು.

ಅದು ತಲುಪಿದ್ದು ಮಾತ್ರ ಕಾಲ್ಚೀಲವನ್ನು. ಬೆಳ್ಳಿಯ ಕಣ ಸೇರಿಸಿದ ಸಾಕ್ಸ್ ಹಾಕಿದರೆ ಬೆವರಿನ ವಾಸನೆ ಬರುವುದಿಲ್ಲ ಎಂಬ ಜಾಹೀರಾತು. ಕಾಲು ನಾರುವುದು ಬ್ಯಾಕ್ಟೀರಿಯಾಗಳಿಂದಲೇ ಆದ್ದರಿಂದ ಮಾತಿನಲ್ಲಿ ಸುಳ್ಳಿಲ್ಲ. ಅಮೆರಿಕದ ಅರಿಜೋನಾ ರಾಜ್ಯ ವಿಶ್ವವಿದ್ಯಾಲಯದ ಟ್ರಾಯ್ ಬೆನ್ ಮತ್ತು ಪಾಲ್ ವೆಸ್ಟರ್‌ಹಾಫ್ ಅಂಗಡಿಯಿಂದ ಇಂಥ ಸಾಕ್ಸ್ ತಂದು ನೀರಿನಲ್ಲಿ ಜಾಲಿಸಿ, ಆ ನೀರನ್ನು ಪರೀಕ್ಷಿಸಿ 2008ರಲ್ಲಿ ಪ್ರಕಟಿಸಿದರು. ಕೆಲವು ಜೋಡಿಗಳು ನಾಲ್ಕು ಒಗೆತದೊಳಗೆ ತಮ್ಮ ಬೆಳ್ಳಿಯನ್ನು ಹೆಚ್ಚುಕಡಿಮೆ ಪೂರ್ತಿ ಕಳೆದುಕೊಂಡಿದ್ದವು, ಕೆಲವು ಬಿಡದೆ ಹಿಡಿದಿದ್ದವು. ಎಲ್ಲವೂ ನೂಲಿಗೆ ಹೇಗೆ ಕೂರಿಸಿದ್ದಾರೆ ಎಂಬುದರ ಮೇಲೆ. ಹೊರಗಿನಿಂದ ನೋಡಿ ಕೊಳ್ಳುವವನಿಗೆ ಎರಡೂ ಒಂದೇ. ಒಂದರಲ್ಲಿ ಅವನು ಕೊಟ್ಟ ದುಡ್ಡು ಒಂದು ತಿಂಗಳಲ್ಲಿ ಚರಂಡಿ ಸೇರಿರುತ್ತದೆ.

ಬಟ್ಟೆ ಒಗೆಯುವಾಗಲೇ ಬೆಳ್ಳಿಯ ಅಯಾನು ಬಿಡುವ ವಾಷಿಂಗ್ ಮೆಷಿನನ್ನು ಸ್ಯಾಮ್‌ಸಂಗ್ ತಂದಾಗ ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆ ಒಂದು ದಿಟ್ಟ ತೀರ್ಮಾನ ಮಾಡಿತು. ಸೂಕ್ಷ್ಮಜೀವಿಗಳನ್ನು ಕೊಲ್ಲುತ್ತೇನೆಂದು ಹೇಳಿಕೊಂಡು ಪದಾರ್ಥವನ್ನು ನೀರಿಗೆ ಬಿಡುವ ಯಂತ್ರ ಕೀಟನಾಶಕದ ಕಾನೂನಿಗೆ ಒಳಪಡುತ್ತದೆ, ನೋಂದಣಿ ಮಾಡಿಸಬೇಕು ಎಂದಿತು. ಈ ತರ್ಕ ನನಗೆ ತುಂಬ ಹಿಡಿಸಿತು. ಹೊಲಕ್ಕೆ ಹೊಡೆಯುವ ಔಷಧಕ್ಕೆ ಲೈಸೆನ್ಸ್ ಕೇಳುವ ನಾವು, ಲಕ್ಷಾಂತರ ಬಚ್ಚಲುಗಳಿಂದ ನಿತ್ಯ ಹರಿಯುವುದಕ್ಕೆ ಏನೂ ಕೇಳುವುದಿಲ್ಲ.

ಟಿವಿಯ ಸಂಗತಿ ಸಂತೋಷದ್ದು. ಕ್ಯೂಎಲ್‌ಇಡಿ ಎಂದು ಅಂಗಡಿಯವರು ಕರೆಯುವ ಟಿವಿಗಳಲ್ಲಿ ಕ್ವಾಂಟಂ ಚುಕ್ಕಿಗಳಿವೆ. ಒಂದೇ ಪದಾರ್ಥದ ಹರಳು ಎರಡು ಮೂರು ನ್ಯಾನೋಮೀಟರ್ ಇದ್ದರೆ ನೀಲಿಯತ್ತ, ಐದಾರು ಇದ್ದರೆ ಕೆಂಪಿನತ್ತ ಹೊಳೆಯುತ್ತದೆ. ಬಣ್ಣ ಬೇಕೆಂದರೆ ಬೇರೆ ರಾಸಾಯನಿಕ ಹುಡುಕಬೇಕಿಲ್ಲ, ಹರಳನ್ನು ಬೇಕಾದಷ್ಟೇ ಬೆಳೆಸಿದರೆ ಸಾಕು. ಇದನ್ನು ಕಂಡು ಸಾಧಿಸಿದ ಮೌಂಗಿ ಬಾವೆಂಡಿ, ಲೂಯಿ ಬ್ರುಸ್, ಅಲೆಕ್ಸಿ ಎಕಿಮೊವ್ ಅವರಿಗೆ 2023ರ ರಸಾಯನಶಾಸ್ತ್ರದ ನೊಬೆಲ್ ಸಂದಿತು. ಚುಕ್ಕಿಗಳು ಪದರಗಳ ನಡುವೆ ಭದ್ರವಾಗಿರುವುದರಿಂದ ನೋಡುವವರಿಗೆ ತೊಂದರೆಯಿಲ್ಲ. ಕೆಲವು ಬಗೆಯಲ್ಲಿ ಕ್ಯಾಡ್ಮಿಯಂ ಎಂಬ ವಿಷಲೋಹ ಇರುತ್ತದೆ. ಕೆಟ್ಟ ಟಿವಿಯನ್ನು ಗುಜರಿಯವನು ಒಡೆಯುವ ದಿನ ಅದರ ಲೆಕ್ಕ ಬರುತ್ತದೆ. ಇನ್ನು ಟೈರು. ಅದರ ಕಪ್ಪು, ಹರಳೆಣ್ಣೆ ದೀಪಕ್ಕೆ ತಟ್ಟೆ ಹಿಡಿದು ಮಾಡುತ್ತಿದ್ದ ಕಾಡಿಗೆಯ ಕಪ್ಪು, ಎರಡೂ ನ್ಯಾನೋ ಗಾತ್ರದ ಇಂಗಾಲದ ಕಣಗಳೇ. ರಬ್ಬರಿಗೆ ಅದು ಬೆರೆಯದಿದ್ದರೆ ನಮ್ಮ ಬೈಕಿನ ಟೈರು ಇಷ್ಟು ಬಾಳುತ್ತಿರಲಿಲ್ಲ.

ಈಗ ಹೆಸರಿಗಷ್ಟೇ ನ್ಯಾನೋ ಆಗಿರುವ ಬಗೆ. 2006ರ ಮಾರ್ಚಿನಲ್ಲಿ ಜರ್ಮನಿಯ ಅಂಗಡಿಗಳಿಗೆ ‘ಮ್ಯಾಜಿಕ್ ನ್ಯಾನೋ’ ಎಂಬ ಸ್ಪ್ರೇ ಬಂತು. ಬಚ್ಚಲಿನ ಟೈಲ್ಸಿಗೆ ಹೊಡೆದರೆ ಕೊಳೆ ಅಂಟುವುದಿಲ್ಲ ಎಂಬ ಭರವಸೆ. ಕೆಲವೇ ದಿನಗಳಲ್ಲಿ ಸುಮಾರು ನೂರು ಮಂದಿ ಕೆಮ್ಮು, ಉಸಿರಾಟದ ತೊಂದರೆ ಎಂದು ದೂರಿದರು, ಕೆಲವರ ಶ್ವಾಸಕೋಶದಲ್ಲಿ ನೀರು ತುಂಬಿ ಆಸ್ಪತ್ರೆಗೆ ಸೇರಿಸಬೇಕಾಯಿತು. ನ್ಯಾನೋ ತಂತ್ರಜ್ಞಾನದ ಮೊದಲ ಅನಾಹುತವೆಂದು ಜಗತ್ತಿನಾದ್ಯಂತ ಸುದ್ದಿಯಾಯಿತು. ಸರ್ಕಾರಿ ತಜ್ಞರು ಡಬ್ಬಿ ತೆರೆದು ಪರೀಕ್ಷಿಸಿದರೆ ಅದರಲ್ಲಿ ನ್ಯಾನೋ ಕಣಗಳೇ ಇರಲಿಲ್ಲ. ಟೈಲ್ಸಿನ ಮೇಲೆ ಬೀಳುವ ಪದರ ತೆಳುವಾದದ್ದು ಎಂಬ ಅರ್ಥದಲ್ಲಿ ಆ ಹೆಸರನ್ನು ಅಚ್ಚು ಹಾಕಿದ್ದರು. ಕಾಯಿಲೆ ಬಿದ್ದವರಿಗೆ ತಾವು ಏನನ್ನು ಉಸಿರಾಡಿದೆವು ಎಂದು ಡಬ್ಬಿಯಿಂದ ತಿಳಿಯಲಿಲ್ಲ, ಚಿಕಿತ್ಸೆ ಕೊಟ್ಟ ವೈದ್ಯರಿಗೂ ತಿಳಿಯಲಿಲ್ಲ.

ನಮ್ಮಲ್ಲಿ 2016ರ ನವೆಂಬರಿನಲ್ಲಿ ಎರಡು ಸಾವಿರದ ನೋಟಿನೊಳಗೆ ನ್ಯಾನೋ ಚಿಪ್ ಇದೆ, ನೆಲದೊಳಗೆ ಹೂತಿಟ್ಟರೂ ಉಪಗ್ರಹಕ್ಕೆ ಕಾಣುತ್ತದೆ ಎಂಬ ಮಾತು ಹಬ್ಬಿತ್ತು. ಟಿವಿ ಚಾನೆಲ್ಲುಗಳೂ ಅದನ್ನು ವಿವರಿಸಿದವು. ವಿದ್ಯುತ್ ಮೂಲವಿಲ್ಲದ ಕಾಗದದಿಂದ ಉಪಗ್ರಹದವರೆಗೆ ಸಂಕೇತ ಹೋಗುವುದು ಹೇಗೆಂದು ಕೇಳುವವರು ಕಡಿಮೆಯಿದ್ದರು. ‘ನ್ಯಾನೋ’ ಎಂದಮೇಲೆ ಏನೂ ಆದೀತು ಎಂಬ ನಂಬಿಕೆ ಆ ಹೊತ್ತಿಗಾಗಲೇ ಗಟ್ಟಿಯಾಗಿತ್ತು. ಅದೇ ನಂಬಿಕೆಯ ಮೇಲೆ ಇಂದು ವಿಕಿರಣ ತಡೆಯುವ ಲಾಕೆಟ್, ಮೊಬೈಲಿನ ಹಿಂದೆ ಅಂಟಿಸುವ ಬಿಲ್ಲೆ ಮಾರಾಟವಾಗುತ್ತಿವೆ. ನೆದರ್ಲೆಂಡ್ಸಿನ ಪರಮಾಣು ಸುರಕ್ಷಾ ಸಂಸ್ಥೆ 2021ರ ಡಿಸೆಂಬರಿನಲ್ಲಿ ಇಂಥ ಹತ್ತು ಲಾಕೆಟ್, ಬಳೆ, ಕಣ್ಣುಪಟ್ಟಿಗಳು ತಾವೇ ವಿಕಿರಣ ಸೂಸುತ್ತಿವೆಯೆಂದು ಪತ್ತೆ ಮಾಡಿ ಮಾರಾಟ ನಿಲ್ಲಿಸಿತು. ಯಾರಾದರೂ ಬಂಧುಗಳು ಅಕ್ಕರೆಯಿಂದ ಇಂಥದ್ದು ಕೊಟ್ಟಿದ್ದರೆ ದಯವಿಟ್ಟು ಮಕ್ಕಳ ಕೊರಳಿಗೆ ಹಾಕಬೇಡಿ.

ಮೊಬೈಲ್ ಕೊಳ್ಳುವಾಗ ‘ಮೂರು ನ್ಯಾನೋಮೀಟರ್ ಚಿಪ್’ ಎನ್ನುತ್ತಾರಲ್ಲ, ಅದರೊಳಗೆ ಮೂರು ನ್ಯಾನೋಮೀಟರ್ ಅಳತೆಯ ಟ್ರಾನ್ಸಿಸ್ಟರ್ ಹುಡುಕಿದರೆ ಸಿಗುವುದಿಲ್ಲ. ಪಕ್ಕಪಕ್ಕದ ಎರಡು ಟ್ರಾನ್ಸಿಸ್ಟರುಗಳ ನಡುವಿನ ಅಂತರವೇ ನಲವತ್ತು ನ್ಯಾನೋಮೀಟರ್ ಮೀರುತ್ತದೆ. ಮೂರು ಎಂಬುದು ತಲೆಮಾರಿನ ಹೆಸರು. ಚಿಪ್ ನಿಜವಾಗಿಯೂ ಉತ್ತಮವಾದದ್ದೇ, ಹಾಗಾಗಿ ಈ ಹೆಸರಿನಿಂದ ಯಾರಿಗೂ ನಷ್ಟವಿಲ್ಲ.

ನಷ್ಟವಾಗುವುದು ಹೊಲದಲ್ಲಿ. 2021ರ ಮೇ ತಿಂಗಳ ಕೊನೆಯಲ್ಲಿ ಇಫ್ಕೊ ಸಹಕಾರಿ ಸಂಸ್ಥೆ ನ್ಯಾನೋ ಯೂರಿಯಾ ಬಿಡುಗಡೆ ಮಾಡಿತು. ಅರ್ಧ ಲೀಟರಿನ ಒಂದು ಬಾಟಲಿ 45 ಕಿಲೋದ ಒಂದು ಚೀಲ ಯೂರಿಯಾಗೆ ಸಮ ಎಂಬ ಘೋಷಣೆ. ಇಲ್ಲಿ ಎಲ್ಲರೂ ಮಾಡಬಹುದಾದ ಲೆಕ್ಕವೊಂದಿದೆ. ಯೂರಿಯಾದಲ್ಲಿ ಸಾರಜನಕ ನೂರಕ್ಕೆ 46 ಪಾಲು. ಒಂದು ಚೀಲದಲ್ಲಿ 20 ಕಿಲೋಗೂ ಮಿಕ್ಕಿ. ಬಾಟಲಿಯಲ್ಲಿದ್ದದ್ದು ನೂರಕ್ಕೆ ನಾಲ್ಕು ಪಾಲು, ಅಂದರೆ 20 ಗ್ರಾಂ. ಸಾವಿರ ಪಟ್ಟು ವ್ಯತ್ಯಾಸ. ನೆಲಕ್ಕೆ ಎರಚಿದ ಯೂರಿಯಾದಲ್ಲಿ ಅರ್ಧಕ್ಕರ್ಧ ಪೋಲಾಗುತ್ತದೆ, ಎಲೆಗೆ ಸಿಂಪಡಿಸಿದ ನ್ಯಾನೋ ಕಣ ನೇರವಾಗಿ ಒಳಗೆ ಹೋಗುತ್ತದೆ ಎಂಬುದು ಕೊಟ್ಟ ವಿವರಣೆ. ಪೋಲಾಗುವುದು ನಿಜ, ನದಿ, ಕೆರೆ, ಅಂತರ್ಜಲಗಳೆಲ್ಲ ಅದರಿಂದ ಕೆಡುತ್ತಿವೆ. ಆದರೆ ಒಂದು ಟನ್ ಭತ್ತ ಕಟ್ಟಿಕೊಡಲು ಪೈರು ಹದಿನೈದು ಇಪ್ಪತ್ತು ಕಿಲೋ ಸಾರಜನಕ ಹೀರಬೇಕು. ಕಾಳಿನ ಪ್ರೋಟೀನಿಗೆ ಅದು ಕಚ್ಚಾವಸ್ತು. 20 ಗ್ರಾಮಿನಲ್ಲಿ ಒಂದು ಗ್ರಾಮೂ ಪೋಲಾಗದಿದ್ದರೂ ಆ ಕಿಲೋಗಳು ಬರುವುದೆಲ್ಲಿಂದ?

ಕೋಪನ್‌ಹೇಗನ್ ವಿಶ್ವವಿದ್ಯಾಲಯದ ಮ್ಯಾಕ್ಸ್ ಫ್ರಾಂಕ್ ಮತ್ತು ಸೋರೆನ್ ಹುಸ್ಟೆಡ್ 2023ರಲ್ಲಿ ವಿಜ್ಞಾನ ಪತ್ರಿಕೆಯಲ್ಲಿ ಈ ಪ್ರಶ್ನೆಯನ್ನೇ ಎತ್ತಿದರು. ಲೂಧಿಯಾನದ ಪಂಜಾಬ್ ಕೃಷಿ ವಿಶ್ವವಿದ್ಯಾಲಯ ಎರಡು ವರ್ಷ ಹೊಲದಲ್ಲಿ ಪ್ರಯೋಗ ಮಾಡಿ, ಅರ್ಧ ಗೊಬ್ಬರದ ಬದಲು ನ್ಯಾನೋ ಯೂರಿಯಾ ಸಿಂಪಡಿಸಿದಲ್ಲಿ ಗೋಧಿ ಇಳುವರಿ ನೂರಕ್ಕೆ 21.6ರಷ್ಟು, ಭತ್ತ 13ರಷ್ಟು ಕುಸಿದದ್ದನ್ನು ಕಂಡಿತು. ಇಳುವರಿ ಹೆಚ್ಚಿದೆ ಎನ್ನುವ ತಮ್ಮ ಪ್ರಯೋಗಗಳನ್ನು ಇಫ್ಕೊ ಸಂಸ್ಥೆಯೂ ಸರ್ಕಾರವೂ ಮುಂದಿಡುತ್ತವೆ; ಸಾರಜನಕ ಹೆಚ್ಚಿಸಿದ ಹೊಸ ಬಾಟಲಿಯೂ ಬಂದಿದೆ. ನಮ್ಮ ರೈತರ ದೂರು ಇನ್ನೂ ನೇರವಾದದ್ದು: ಮುಂಗಾರಿನ ಗಡಿಬಿಡಿಯಲ್ಲಿ ಯೂರಿಯಾ ಚೀಲ ಕೇಳಿದರೆ ಜತೆಗೆ ಬಾಟಲಿಯನ್ನೂ ಕೊಳ್ಳಲೇಬೇಕೆಂದು ಗೊಬ್ಬರದಂಗಡಿಯಲ್ಲಿ ಒತ್ತಾಯ ಮಾಡುತ್ತಾರೆ ಎಂಬುದು. ಒಳ್ಳೆಯ ಸರಕಾದರೆ ರೈತ ತಾನೇ ಕೇಳಿಕೊಂಡು ಬರುತ್ತಾನೆ. ಪಂಪು ಬೆನ್ನಿಗೇರಿಸಿ ಸಿಂಪಡಿಸುವ ಕೂಲಿಯ ಲೆಕ್ಕವನ್ನೂ ಬಾಟಲಿಯ ಮೇಲಿನ ಬೆಲೆಗೆ ಸೇರಿಸಬೇಕು. ನ್ಯಾನೋ ರೂಪದಲ್ಲಿ ಗೊಬ್ಬರ ಕೊಡುವ ವಿಚಾರವೇ ತಪ್ಪೆಂದು ನಾನು ಹೇಳುತ್ತಿಲ್ಲ. ಸತು, ಬೋರಾನ್‌ನಂಥ ಲಘು ಪೋಷಕಾಂಶಗಳು ಪೈರಿಗೆ ಬೇಕಾಗುವುದೇ ಗ್ರಾಂಗಳ ಲೆಕ್ಕದಲ್ಲಿ. ಅಲ್ಲಿ ಎಲೆಯ ದಾರಿ ಸಲೀಸಾಗಬಹುದು. ಕಿಲೋಗಟ್ಟಲೆ ಬೇಕಾದದ್ದಕ್ಕೆ ಅದೇ ದಾರಿ ಹಿಡಿದದ್ದರ ಬಗ್ಗೆಯೇ ನನ್ನ ತಕರಾರು.

ಬಾಯಿಗೆ ಹೋಗುವುದರ ಬಗ್ಗೆ ಇನ್ನೊಂದು ಮಾತು. ಪೇಂಟಿನ ಬಿಳುಪು ಎಂದು ಆಗಲೇ ಹೇಳಿದ ಟೈಟಾನಿಯಂ ಡೈಆಕ್ಸೈಡ್ ಚೂಯಿಂಗ್ ಗಮ್ಮಿನ ಹೊದಿಕೆಗೆ, ಸಕ್ಕರೆ ಮಿಠಾಯಿಗೆ, ಮಾತ್ರೆಗಳ ಮೇಲ್ಪದರಕ್ಕೆ ಬಿಳುಪು ಕೊಡಲು ಬಹಳ ಕಾಲದಿಂದ ಬಳಕೆಯಲ್ಲಿದೆ. ಪೊಟ್ಟಣದ ಹಿಂಬದಿಯಲ್ಲಿ 171 ಎಂಬ ಸಂಖ್ಯೆ ಕಂಡರೆ ಅದು ಇದೇ. ಬೇಕೆಂದು ನ್ಯಾನೋ ಮಾಡಿದ್ದಲ್ಲದಿದ್ದರೂ ಅದರ ಕಣಗಳಲ್ಲಿ ಗಣನೀಯ ಪಾಲು ನೂರು ನ್ಯಾನೋಮೀಟರಿಗಿಂತ ಸಣ್ಣವು. ಫ್ರಾನ್ಸ್ 2020ರಲ್ಲಿ ಆಹಾರದಲ್ಲಿ ಇದನ್ನು ನಿಲ್ಲಿಸಿತು. ವಂಶವಾಹಿಗೆ ಹಾನಿಯಾಗುವ ಸಾಧ್ಯತೆಯನ್ನು ಅಲ್ಲಗಳೆಯಲಾಗದು ಎಂದು ಯುರೋಪಿನ ಆಹಾರ ಸುರಕ್ಷತಾ ಪ್ರಾಧಿಕಾರ 2021ರಲ್ಲಿ ಹೇಳಿತು, 2022ರಲ್ಲಿ ಐರೋಪ್ಯ ಒಕ್ಕೂಟವೇ ನಿಷೇಧಿಸಿತು. ಬಿಳುಪಿನಿಂದ ಮಿಠಾಯಿಯ ರುಚಿ ಹೆಚ್ಚುವುದಿಲ್ಲ, ಪೌಷ್ಟಿಕತೆ ಬರುವುದಿಲ್ಲ. ಪ್ರಯೋಜನವೇ ಇಲ್ಲದ ಕಡೆ ಸಣ್ಣ ಅನುಮಾನಕ್ಕೂ ನಾನು ಮಕ್ಕಳನ್ನು ಒಡ್ಡಲಾರೆ.

ನಮ್ಮ ದೇಶ ಈ ವಿಜ್ಞಾನಕ್ಕೆ ಕಡಿಮೆ ಖರ್ಚು ಮಾಡಿಲ್ಲ. 2007ರಲ್ಲಿ ಕೇಂದ್ರ ಸರ್ಕಾರ ಸಾವಿರ ಕೋಟಿ ರೂಪಾಯಿಯ ನ್ಯಾನೋ ಮಿಷನ್ ಆರಂಭಿಸಿದಾಗ ಅದರ ಹಿಂದಿನ ದೊಡ್ಡ ಶಕ್ತಿ ನಮ್ಮವರೇ ಆದ ಸಿ.ಎನ್.ಆರ್. ರಾವ್. ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ನ್ಯಾನೋ ವಿಜ್ಞಾನಕ್ಕೆಂದೇ ಕೇಂದ್ರವಿದೆ, ಜಕ್ಕೂರಿನಲ್ಲಿ ರಾವ್ ಅವರೇ ಕಟ್ಟಿದ ಜವಾಹರಲಾಲ್ ನೆಹರು ಉನ್ನತ ಸಂಶೋಧನಾ ಕೇಂದ್ರವಿದೆ. ನ್ಯಾನೋ ಔಷಧಿಗಳಿಗೆ 2019ರಲ್ಲಿ, ನ್ಯಾನೋ ಗೊಬ್ಬರ ಮತ್ತು ಆಹಾರಗಳಿಗೆ 2020ರಲ್ಲಿ ಪರೀಕ್ಷಾ ಮಾರ್ಗಸೂಚಿಗಳೂ ಬಂದವು. ಅವೆಲ್ಲ ತಯಾರಕರು ಓದಬೇಕಾದ ಕಾಗದ. ಕೊಳ್ಳುವವರು ಓದಬಹುದಾದ ಕಾಗದ ಒಂದೇ, ಡಬ್ಬಿಯ ಮೇಲಿನ ಲೇಬಲ್. ಕಣ ಯಾವುದು, ಗಾತ್ರ ಎಷ್ಟು, ಆ ಗಾತ್ರದಿಂದ ಏನು ಲಾಭ, ಇಷ್ಟು ಅದರಲ್ಲಿ ಇರಬೇಕು. ನ್ಯಾನೋ ಕಣವೇ ಇಲ್ಲದ ಸರಕಿನ ಮೇಲೆ ಆ ಹೆಸರು ಅಚ್ಚು ಹಾಕಿದರೆ ಕಲಬೆರಕೆಗೆ ಹಾಕುವಂತೆಯೇ ದಂಡ ಹಾಕಬೇಕು. ಬೆರೆಸಿದ್ದನ್ನು ಮುಚ್ಚಿಟ್ಟರೂ ದಂಡ ಅಷ್ಟೇ ಇರಬೇಕು.

ಲೇಬಲ್ಲಿನ ಆಚೆಗೂ ಒಂದು ಕೆಲಸವಿದೆ. ಬೆಳಿಗ್ಗೆ ಹಚ್ಚಿದ ಸತುವಿನ ಕಣ ಸಂಜೆ ಬಚ್ಚಲಿನಲ್ಲಿ ತೊಳೆದುಹೋಗುತ್ತದೆ, ಸಾಕ್ಸಿನ ಬೆಳ್ಳಿ ಒಗೆಯುವ ನೀರಿನಲ್ಲಿ. ಬೆಂಗಳೂರಿನ ಒಳಚರಂಡಿಯ ನೀರು ಶುದ್ಧೀಕರಣ ಘಟಕದಲ್ಲಿ ಹಾದು, ಕೆ.ಸಿ. ವ್ಯಾಲಿ ಯೋಜನೆಯಲ್ಲಿ 2018ರಿಂದ ಕೋಲಾರದ ಕೆರೆಗಳನ್ನು ತುಂಬುತ್ತಿದೆ. ಘಟಕದಲ್ಲಿ ಬೆಳ್ಳಿಯ ಬಹುಪಾಲು ಗಂಧಕದೊಡನೆ ಸೇರಿ ಬೆಳ್ಳಿಯ ಸಲ್ಫೈಡಾಗಿ ಕೆಸರಿನಲ್ಲಿ ನಿಂತುಬಿಡುತ್ತದೆ, ಹಾಗಾದ ಮೇಲೆ ಅದರ ವಿಷಗುಣ ಬಹಳ ತಗ್ಗುತ್ತದೆ ಎಂಬುದು ಸಮಾಧಾನದ ಸಂಗತಿ. ಆ ಕೆಸರನ್ನು ಒಣಗಿಸಿ ರೈತರು ಗೊಬ್ಬರವಾಗಿ ಒಯ್ಯುವುದುಂಟು. ಈ ನೀರು, ಕೆಸರುಗಳಲ್ಲಿ ಸೀಸ, ಕ್ರೋಮಿಯಂ ನೋಡುವಾಗ ಬೆಳ್ಳಿ, ಸತು, ಟೈಟಾನಿಯಂಗಳನ್ನೂ ಅವುಗಳ ಕಣದ ಗಾತ್ರದ ಸಮೇತ ನೋಡಿ, ವರ್ಷಕ್ಕೊಮ್ಮೆ ಕೋಲಾರದ ಜನರ ಮುಂದಿಡಬೇಕು. ಇದಕ್ಕೆ ಬೇಕಾದ ಎಲೆಕ್ಟ್ರಾನ್ ಸೂಕ್ಷ್ಮದರ್ಶಕಗಳು ವಿಜ್ಞಾನ ಸಂಸ್ಥೆಯ ನ್ಯಾನೋ ಕೇಂದ್ರದಲ್ಲೇ ಇವೆ, ಹೊರಗಿನವರು ಶುಲ್ಕ ಕಟ್ಟಿದರೆ ಅವರ ಮಾದರಿಗಳನ್ನೂ ಅಲ್ಲಿ ನೋಡಿಕೊಡುತ್ತಾರೆ. ಜಲಮಂಡಳಿ ಒಂದು ಬಾಟಲಿ ನೀರು, ಒಂದು ಹಿಡಿ ಕೆಸರು ಕಳಿಸಿದರೆ ಕೆಲಸ ಶುರುವಾಗುತ್ತದೆ.